ಒಮ್ಮೆ ಮಾತ್ರ ಧರಿಸಿದ ವೇಷ: ಜಾರ್ಜ್ ಲೇಜನ್‌ಬಿಯ ನಟಜೀವನ

ಬಣ್ಣದ ಬದುಕಿನಲ್ಲಿ ದೊಡ್ಡ ಪಾತ್ರವು ಕೈಗೆ ಬಂದು ಜಾರಿಹೋದವರು ಅನೇಕರುಂಟು. ಬಂದುದನ್ನು ತಾವಾಗಿಯೇ ಕೆಳಗಿಟ್ಟು ಹೊರನಡೆದವರು ತೀರ ವಿರಳ. ಜಾರ್ಜ್ ಲೇಜನ್‌ಬಿ ಈ ಎರಡನೆಯ ಪಂಗಡದವನು. 1969ರ ‘ಆನ್ ಹರ್ ಮೆಜೆಸ್ಟೀಸ್ ಸೀಕ್ರೆಟ್ ಸರ್ವೀಸ್’ ಎಂಬ ಒಂದೇ ಚಿತ್ರದಲ್ಲಿ ಜೇಮ್ಸ್ ಬಾಂಡ್‌ನ ವೇಷ ಧರಿಸಿ ಬಿಟ್ಟ ಈತನನ್ನು ಲೋಕವು ಎರಡು ಮಾತುಗಳಲ್ಲಿ ಮುಗಿಸುತ್ತ ಬಂದಿದೆ: ನಟನೆ ಬಾರದವನು, ಬಂದ ಅದೃಷ್ಟವನ್ನು ಒದ್ದವನು. ಎರಡನೆಯ ಮಾತಿನಲ್ಲಿ ಸತ್ಯಾಂಶವುಂಟು. ಮೊದಲನೆಯ ಮಾತನ್ನು, ಚಿತ್ರವನ್ನು ಸಾವಧಾನದಿಂದ ನೋಡಿದ ಮೇಲೆ ಒಪ್ಪುವುದು ಕಷ್ಟ.

1939ರಲ್ಲಿ ಆಸ್ಟ್ರೇಲಿಯದ ಗೋಲ್‌ಬರ್ನ್ ಎಂಬ ಊರಿನಲ್ಲಿ ಹುಟ್ಟಿದ ಲೇಜನ್‌ಬಿ ಕಾರು ಮಾರುತ್ತಿದ್ದವನು. ಲಂಡನ್ನಿಗೆ ಬಂದ ಮೇಲೆ ಉಡುಪುಗಳ ರೂಪದರ್ಶಿಯಾಗಿ, ಚಾಕೊಲೆಟ್ಟಿನ ಜಾಹೀರಾತೊಂದರಿಂದ ಹೆಸರಾದನು. ರಂಗಭೂಮಿಯ ಗಂಧವೇ ಅವನಿಗಿರಲಿಲ್ಲ. 1967ರ ಚಿತ್ರದ ಬಳಿಕ ಶಾನ್ ಕಾನರಿ ಪಾತ್ರವನ್ನು ಬಿಟ್ಟಾಗ ಈತ ಕಾನರಿಯ ಕ್ಷೌರಿಕನಲ್ಲಿ ಕೂದಲು ಕತ್ತರಿಸಿಕೊಂಡು, ಕಾನರಿ ಹೊಲಿಸಿ ಒಯ್ಯದೆ ಉಳಿದಿದ್ದ ಸೂಟನ್ನು ದರ್ಜಿಯಿಂದ ಕೊಂಡು ತೊಟ್ಟು, ನಿರ್ಮಾಪಕರ ಮುಂದೆ ನಿಂತನಂತೆ. ಪರದೇಶಗಳಲ್ಲಿ ನಟಿಸಿದ್ದೇನೆಂದು ಸುಳ್ಳಾಡಿದನಂತೆ. ಬಳಿಕ ನಿರ್ದೇಶಕ ಪೀಟರ್ ಹಂಟ್‌ನಲ್ಲಿ ನಿಜವನ್ನು ಒಪ್ಪಿಕೊಂಡಾಗ ಆತ ನಕ್ಕುಬಿಟ್ಟನು: ಬ್ರಾಕೊಲಿ, ಸಾಲ್ಟ್ಸ್‌ಮನ್‌ರಂಥ ಘಟಾನುಘಟಿಗಳನ್ನು ನಂಬಿಸಿದವನು ನಟನಲ್ಲದೆ ಮತ್ತೇನು? ಈ ಕಥೆಯನ್ನು ಹಲವು ಬಾರಿ ಹೇಳಿರುವವನು ಲೇಜನ್‌ಬಿಯೇ. ಹೇಳುವ ಧಾಟಿಯಲ್ಲಿ ಕಾರು ಮಾರುವವನ ಚಾತುರ್ಯ ಇನ್ನೂ ಉಳಿದಿರುವುದನ್ನು ಓದುಗರು ಗಮನಿಸಬೇಕು.

ನಮ್ಮ ಯಕ್ಷಗಾನದಲ್ಲಿ ಕರ್ಣನ ವೇಷವನ್ನು ಇಂದು ಒಬ್ಬನು, ನಾಳೆ ಮತ್ತೊಬ್ಬನು ಕಟ್ಟಿದರೆ ಕರ್ಣನೇ ಬದಲಾದನೆಂದು ಯಾರೂ ದಿಗಿಲುಗೊಳ್ಳುವುದಿಲ್ಲ. ಚಲಚ್ಚಿತ್ರದಲ್ಲಾದರೋ ಪಾತ್ರಕ್ಕೆ ಮುಖ ಅಂಟಿಕೊಂಡುಬಿಡುತ್ತದೆ. ಚಿತ್ರ ತಯಾರಿಸಿದವರಿಗೂ ಈ ಅಳುಕು ಇದ್ದಿತು. ಆರಂಭದಲ್ಲಿಯೇ ಹೊಸ ಬಾಂಡ್‌ನ ಬಾಯಲ್ಲಿ ಹಿಂದಿನವನನ್ನು ಕುರಿತ ಒಂದು ಕೊಂಕುನುಡಿಯನ್ನು ಹಾಕಿ, ಪ್ರೇಕ್ಷಕರಿಂದ ಕ್ಷಮೆ ಕೇಳಿದಂತೆ ಮಾಡಿದರು. ಇದಕ್ಕಿಂತ ದೊಡ್ಡ ಅನ್ಯಾಯ ಮುಂದಿದೆ. ಬಾಂಡ್ ವಂಶಲಾಂಛನಶಾಸ್ತ್ರದ ಪಂಡಿತನಾಗಿ ವೇಷ ಮರೆಸಿ ಸ್ವಿಸ್ ಪರ್ವತಶಿಖರವನ್ನು ಹೊಗುವ ದೀರ್ಘಭಾಗದಲ್ಲಿ ನಮಗೆ ಕೇಳಿಸುವುದು ಆ ಪಂಡಿತನ ಪಾತ್ರ ವಹಿಸಿದ ಜಾರ್ಜ್ ಬೇಕರ್‌ನ ಕಂಠ. ತನ್ನ ದನಿಯನ್ನೇ ಕಸಿದುಕೊಂಡ ಮೇಲೆ ನಟನು ನಿರ್ಜೀವನೆಂದು ದೂರುವುದು ಎಷ್ಟರಮಟ್ಟಿಗೆ ನ್ಯಾಯ?

ದನಿ ಮರಳಿದ ಬಳಿಕದ ಭಾಗವನ್ನು ನೋಡಬೇಕು. ವೈರಿಗಳಿಂದ ತಪ್ಪಿಸಿಕೊಂಡು ಹಳ್ಳಿಯ ಹಬ್ಬದ ಜನಸಂದಣಿಗೆ ಬಂದ ಬಾಂಡ್ ಮಂಜಿನ ಅಂಗಳದಂಚಿನಲ್ಲಿ ಮೈ ಕುಗ್ಗಿಸಿ ಕುಳಿತಿರುತ್ತಾನೆ. ಕರಡಿಯ ವೇಷದವನೊಬ್ಬನು ಎದುರಾದರೂ ಬೆಚ್ಚಿಬೀಳುತ್ತಾನೆ. ಆ ಮುಖದಲ್ಲಿರುವುದು ದಣಿದ ಮನುಷ್ಯನ ಶುದ್ಧ ಭಯ. ಕಾನರಿಯ ಬಾಂಡ್ ಇಲ್ಲಿ ಹುಬ್ಬೇರಿಸಿ ಮುಗುಳ್ನಗುತ್ತಿದ್ದನೆಂದು ನನಗನ್ನಿಸುತ್ತದೆ. ಈ ಭಯವಿದ್ದುದರಿಂದಲೇ, ಸ್ಕೇಟಿನ ಮೇಲೆ ಜಾರುತ್ತ ಬಂದು ಎದುರು ನಿಲ್ಲುವ ಟ್ರೇಸಿ (ಡಯಾನಾ ರಿಗ್) ನಮಗೆ ಆಸರೆಯಾಗಿ ಕಾಣುತ್ತಾಳೆ, ಮುಂದಿನ ಮದುವೆಯೂ ನಂಬುವಂತಾಗುತ್ತದೆ. ಕೊನೆಯ ದೃಶ್ಯವಂತೂ ಪ್ರಸಿದ್ಧವೇ. ಮದುವೆಯ ದಿನವೇ ಗುಂಡಿಗೆ ಬಲಿಯಾದ ಪತ್ನಿಯನ್ನು ತೊಡೆಯ ಮೇಲಿರಿಸಿಕೊಂಡು, ಬಂದ ಪೊಲೀಸನಿಗೆ ಅವಳು ವಿಶ್ರಮಿಸುತ್ತಿರುವಳೆಂದು ಹೇಳುವಾಗ ಆತನ ದನಿ ಏರುವುದಿಲ್ಲ. ನುರಿತವನಾಗಿದ್ದರೆ ಇಲ್ಲಿ ತನ್ನ ನೈಪುಣ್ಯವನ್ನು ಸ್ವಲ್ಪವಾದರೂ ತೋರಿಸದೆ ಬಿಡುತ್ತಿರಲಿಲ್ಲ. ಹಂಟ್‌ನ ನಿರ್ದೇಶನಕ್ಕೆ ಇದರ ಕೀರ್ತಿಯಲ್ಲಿ ಪಾಲುಂಟು. ಇಡಿಯ ಕೀರ್ತಿ ಅದಕ್ಕೇ ಸಲ್ಲದು.

ಇಂಥವನು ಬಿಟ್ಟುಹೋದುದೇಕೆ? ಏಳು ಚಿತ್ರಗಳ ಒಪ್ಪಂದ ಮುಂದಿತ್ತೆಂದು ಆತನೇ ಹೇಳಿದ್ದಾನೆ. ರೇಡಿಯೊ ಕ್ಯಾರೊಲಿನ್ ಎಂಬ ಹಡಗಿನ ಬಾನುಲಿಯನ್ನು ಸ್ಥಾಪಿಸಿದ ರೋನನ್ ಓ ರಾಹಿಲಿ ಆತನ ಸಲಹೆಗಾರ. ‘ಈಜಿ ರೈಡರ್’ ಬಂದ ಕಾಲದಲ್ಲಿ ಸೂಟು ತೊಟ್ಟ ಗೂಢಚಾರನಿಗೆ ಬಾಳಿಲ್ಲವೆಂಬುದು ಆತನ ಮತ. ಲೇಜನ್‌ಬಿ ಅದನ್ನು ನಂಬಿ, ಚಿತ್ರದ ಪ್ರಥಮ ಪ್ರದರ್ಶನಕ್ಕೆ ಗಡ್ಡ, ನೀಳಗೂದಲುಗಳೊಡನೆ ಬಂದನು. ಕಾಲಗತಿಯ ಎಣಿಕೆ ತಪ್ಪಿತು. 1971ರಲ್ಲಿ ಕಾನರಿ ಮರಳಿ ಬಂದನು, ಬಾಂಡ್ ಬಾಳಿದನು. ಆದರೂ ನಾಲ್ಕು ದಿನ ನಟನಾಗಿದ್ದವನಿಗೆ ಪಾತ್ರಕ್ಕಿಂತ ತನ್ನ ಕಾಲದ ಗಾಳಿ ಹೆಚ್ಚು ನಿಜವಾಗಿ ಕಂಡುದರಲ್ಲಿ ಆಶ್ಚರ್ಯವಿಲ್ಲ.

ಮುಂದಿನ ದಾರಿ ಅಂಕುಡೊಂಕು. 1972ರಲ್ಲಿ ಆಲ್ದೊ ಲಾದೊ ವೆನಿಸ್ಸಿನಲ್ಲಿ ತೆಗೆದ ಇಟಾಲಿಯನ್ ಚಿತ್ರದಲ್ಲಿ ಮಗಳನ್ನು ಕೊಲೆಗಾರನಿಗೆ ಕಳೆದುಕೊಂಡ ಶಿಲ್ಪಿಯಾದನು; ನನ್ನ ದೃಷ್ಟಿಯಲ್ಲಿ ಆತನ ಎರಡನೆಯ ಗಣ್ಯಪಾತ್ರ ಇದೇ. ಬಳಿಕ ಬ್ರೂಸ್ ಲೀಯೊಡನೆ ನಟಿಸುವ ಆಸೆಯಿಂದ ಹಾಂಗ್‌ಕಾಂಗಿಗೆ ಹೋದರೆ, ಇಬ್ಬರೂ ಊಟಕ್ಕೆ ಕೂಡಬೇಕಾಗಿದ್ದ 1973ರ ಜುಲೈ 20ರಂದೇ ಲೀ ತೀರಿಕೊಂಡನು. ಅಲ್ಲಿಯ ಗೋಲ್ಡನ್ ಹಾರ್ವೆಸ್ಟ್ ಸಂಸ್ಥೆಗಾಗಿ ಮೂರು ಚಿತ್ರಗಳಲ್ಲಿ ದುಡಿದನು. 1975ರ ‘ದಿ ಮ್ಯಾನ್ ಫ್ರಮ್ ಹಾಂಗ್‌ಕಾಂಗ್’ನ ಹೊಡೆದಾಟದಲ್ಲಿ ತೋಳಿಗೆ ಹೊತ್ತಿಸಿದ ಬೆಂಕಿ ಕೈಯನ್ನೇ ಸುಟ್ಟಿತು. 1983ರಲ್ಲಿ ದೂರದರ್ಶನದ ಚಿತ್ರವೊಂದರಲ್ಲಿ ಆಸ್ಟನ್ ಮಾರ್ಟಿನ್ ಕಾರು ಓಡಿಸುತ್ತ ಬರುವ ‘ಜೆ.ಬಿ.’ ಎಂಬ ಸಣ್ಣ ಪಾತ್ರವನ್ನೂ ಒಪ್ಪಿಕೊಂಡನು. ಬಿಟ್ಟ ವೇಷದ ನೆರಳಿನಿಂದಲೇ ಹೊಟ್ಟೆ ಹೊರೆಯಬೇಕಾಯಿತಲ್ಲ ಎಂದು ಕನಿಕರಿಸುವವರುಂಟು. ಆತನ ಮುಖದಲ್ಲಿ ಮಾತ್ರ ಕನಿಕರ ಬೇಡುವ ಭಾವವಿಲ್ಲ.

ಚಿತ್ರದ ಮರುಮೌಲ್ಯಮಾಪನ ತಡವಾಗಿ ನಡೆಯಿತು. ಕ್ರಿಸ್ಟೊಫರ್ ನೋಲನ್ ತನಗೆ ಪ್ರಿಯವಾದ ಬಾಂಡ್ ಚಿತ್ರ ಇದೇ ಎಂದಿದ್ದಾನೆ. 2010ರ ‘ಇನ್ಸೆಪ್ಷನ್’ನ ಹಿಮದುರ್ಗದ ಕಾಳಗದಲ್ಲಿ ಇದರ ಛಾಯೆ ಸ್ಪಷ್ಟ. 2021ರ ‘ನೋ ಟೈಮ್ ಟು ಡೈ’ ಇದರ ಸಂಗೀತವನ್ನೇ ಮತ್ತೆ ಬಳಸಿಕೊಂಡಿತು. 2024ರ ಜುಲೈಯಲ್ಲಿ, ತನ್ನ 84ನೆಯ ವಯಸ್ಸಿನಲ್ಲಿ, ಲೇಜನ್‌ಬಿ ನಟನೆಯಿಂದ ನಿವೃತ್ತನಾಗುತ್ತಿರುವುದಾಗಿ ಸಾರಿದನು. ಈ ಬಾರಿ ಯಾರ ಸಲಹೆಯನ್ನೂ ಕೇಳಬೇಕಾದ ಅಗತ್ಯ ಬಿದ್ದಿರಲಾರದು.