ನೆಲದೊಳಗಿನ ಹತ್ತು ವರ್ಷ: ಒಂದು ವಿಮರ್ಶೆ

ಫ್ರಾನ್ಸಿನ ಗುಹಾಶೋಧಕರಾದ ನಾರ್ಬೆರ್ ಕಾಸ್ತೆರೆಯವರು 1933ರಲ್ಲಿ ಪ್ರಕಟಿಸಿದ ‘ನೆಲದ ಕೆಳಗೆ ಹತ್ತು ವರ್ಷ’ ಎಂಬ ಗ್ರಂಥವನ್ನು ಕೈಗೆತ್ತಿಕೊಂಡ ವಾಚಕರು ಮೊದಲು ಹುಡುಕುವುದು ಮೋಂತೆಸ್ಪಾನ್ ಗುಹೆಯ ಪ್ರಕರಣವನ್ನು. ಅದರಲ್ಲಿ ಆಶ್ಚರ್ಯವಿಲ್ಲ. 1922ರಲ್ಲಿ ಅವರು ಒಂಟಿಯಾಗಿ, ಮೇಣದ ಬತ್ತಿಯೊಂದನ್ನೇ ನೆಚ್ಚಿ, ಬೆಂಕಿಕಡ್ಡಿಗಳನ್ನು ರಬ್ಬರಿನ ಟೋಪಿಯಲ್ಲಿ ಭದ್ರಪಡಿಸಿಕೊಂಡು, ಗುಹೆಯ ಚಾವಣಿಯು ಹೊಳೆಯ ನೀರನ್ನು ಮುಟ್ಟಿದ್ದ ಎಡೆಯಲ್ಲಿ ಉಸಿರು ಬಿಗಿಹಿಡಿದು ಮುಳುಗಿ ಆಚೆಗೆ ಸಾಗಿದರು. ಮರುವರ್ಷ ಸ್ನೇಹಿತರೊಬ್ಬರೊಡನೆ ಹೋಗಿ, ಹಿಮಯುಗದ ಮಾನವನು ಮಣ್ಣಿನಲ್ಲಿ ಮಾಡಿಟ್ಟ ತಲೆಯಿಲ್ಲದ ಕರಡಿಯನ್ನು ಕಂಡರು.

ಈ ವರ್ಣನೆ ರೋಮಾಂಚಕಾರಿಯೇ ಸರಿ. ಆದರೂ ಗ್ರಂಥದ ಸತ್ತ್ವವಿರುವುದು ಗರೊನ್ ನದಿಯ ಉಗಮವನ್ನು ಕುರಿತ ಪ್ರಕರಣದಲ್ಲಿ. ಪಿರೆನೀಸ್ ಪರ್ವತದ ಸ್ಪೇಯಿನ್ ಭಾಗದಲ್ಲಿ, ಅನೆತೋ ಶಿಖರದ ಹಿಮದಿಂದಿಳಿದ ತೊರೆಯೊಂದು ‘ಹೋರಿಯ ಬಿಲ’ವೆಂಬ ಸುಣ್ಣಗಲ್ಲಿನ ಕುಳಿಯಲ್ಲಿ ಅದೃಶ್ಯವಾಗುತ್ತದೆ. ನೀರು ಆ ಕಲ್ಲನ್ನು ಯುಗಯುಗಗಳಿಂದ ಕರಗಿಸಿ ಒಳದಾರಿ ಕೊರೆದುಕೊಂಡಿದೆ. ಅದು ಹೊರಡುವುದೆಲ್ಲಿ ಎಂಬುದೇ ವಿವಾದವಾಗಿತ್ತು. ವಿದ್ಯುಚ್ಛಕ್ತಿಗಾಗಿ ಆ ನೀರನ್ನು ಬೇರೆಡೆಗೆ ತಿರುಗಿಸುವ ಯೋಜನೆಯೂ ಹುಟ್ಟಿತ್ತು. 1931ರ ಜುಲೈಯಲ್ಲಿ ಕಾಸ್ತೆರೆಯವರು ಆ ಕುಳಿಗೆ 60 ಕಿಲೋಗ್ರಾಂ ಫ್ಲೂರೆಸೀನ್ ಎಂಬ ಬಣ್ಣವನ್ನು ಸುರಿದರು. ಬೆಟ್ಟದ ಆಚೆ, ಆರಾನ್ ಕಣಿವೆಯ ಬುಗ್ಗೆಯಲ್ಲಿ ನೀರು ಹಸುರಾಗಿ ಉಕ್ಕಿ, ಗರೊನ್ ನದಿಯಲ್ಲಿ ಫ್ರಾನ್ಸಿನತ್ತ ಹರಿಯಿತು. ಯೋಜನೆ ಕೈಬಿಟ್ಟುಹೋಯಿತು. ನಮ್ಮಲ್ಲಿ ಸರಸ್ವತಿಯ ಗುಪ್ತಪ್ರವಾಹಕ್ಕೆ ಶ್ರದ್ಧೆಯೇ ಸಾಕ್ಷಿ. ಇಲ್ಲಿ ಬಣ್ಣವೇ ಸಾಕ್ಷಿ ನುಡಿಯಿತು. ಈ ಪುಟಗಳಲ್ಲಿ ಶೋಧಕನ ಧೈರ್ಯ ಹಿಂದೆ ಸರಿದು, ಗುಹೆಯೆಂಬುದು ಕಣಿವೆಯ ಜನರು ಕುಡಿಯುವ ನೀರಿನ ಮನೆಯೆಂಬ ಅರಿವು ಮುಂದೆ ಬರುತ್ತದೆ.

ಸಾಹಸದ ಪುಟಗಳಲ್ಲಿ ಇಂಥ ಎಚ್ಚರ ಕಡಮೆ. ಸುಡದ ಮಣ್ಣಿನ ಆ ಕರಡಿ ಸಾವಿರಾರು ವರ್ಷ ಉಳಿದುದು ತೇವದ ನಿಶ್ಚಲ ವಾಯುವಿನಿಂದ, ಯಾರೂ ಬಾರದಿದ್ದುದರಿಂದ. ಅಲ್ಲಿಗೆ ಹೋದವನ ಹೆಜ್ಜೆಯೂ ಉಸಿರೂ ಅದಕ್ಕೆ ಶತ್ರು. 1940ರಲ್ಲಿ ದೊರೆತ ಲಾಸ್ಕೋ ಗುಹೆಯನ್ನು 1948ರಲ್ಲಿ ಜನರಿಗೆ ತೆರೆದರು. ಪ್ರೇಕ್ಷಕರ ಉಸಿರಿನಿಂದಲೂ ದೀಪಗಳಿಂದಲೂ ಚಿತ್ರಗಳಿಗೆ ಹಸುರು ಪಾಚಿ ಹಿಡಿಯಲು, 1963ರಲ್ಲಿ ಮುಚ್ಚಬೇಕಾಯಿತು. ಈ ಅನುಭವ ಗ್ರಂಥಕ್ಕಿಂತ ಈಚಿನದು. ಅದನ್ನೇ ಹಿಡಿದು ಗ್ರಂಥಕರ್ತರನ್ನು ದೂಷಿಸುವುದು ನ್ಯಾಯವಲ್ಲ. ಆದರೆ ಇಂದಿನ ವಾಚಕನು ಅದನ್ನು ಮರೆತು ಓದಲಾರನು.

ಇಂಗ್ಲಿಷಿಗೆ ಬಂದಿರುವ ಈ ಗ್ರಂಥದಿಂದ ಆಯ್ದ ಭಾಗಗಳನ್ನು ಕನ್ನಡಿಸಬಯಸುವವರು ಕರಡಿಯ ಕಥೆಯನ್ನು ಆಮೇಲಕ್ಕೆ ಇಟ್ಟುಕೊಂಡು, ಹಸುರು ನೀರಿನ ಪ್ರಕರಣವನ್ನು ಮೊದಲು ತರುವುದು ಲೇಸು.