407 ಮಕ್ಕಳ ಲೆಕ್ಕ

1987ರಲ್ಲಿ ‘ಜರ್ನಲ್ ಆಫ್ ಮೆಡಿಕಲ್ ಜೆನೆಟಿಕ್ಸ್’ ಪತ್ರಿಕೆಯಲ್ಲಿ ಕರ್ನಾಟಕದ ಮಕ್ಕಳ ಬಗ್ಗೆ ನಾಲ್ಕು ಪುಟದ ಒಂದು ಪ್ರಬಂಧ ಅಚ್ಚಾಯಿತು. ಬರೆದವರು ಮೂವರು: ಎ. ರಾಧಾ ರಮಾದೇವಿ, ಎನ್. ಅಪ್ಪಾಜಿ ರಾವ್, ಅಲನ್ ಬಿಟಲ್ಸ್. ಸೋದರಮಾವನಿಗೆ ಅಕ್ಕನ ಮಗಳನ್ನು ಕೊಡುವ, ಅತ್ತೆಯ ಮಗನಿಗೆ ಮಾವನ ಮಗಳನ್ನು ತರುವ ನಮ್ಮ ಪದ್ಧತಿಗೂ ಮಕ್ಕಳಲ್ಲಿ ಕಾಣುವ ಆನುವಂಶಿಕ ಕಾಯಿಲೆಗಳಿಗೂ ಇರುವ ನಂಟನ್ನು ಅದು ಲೆಕ್ಕ ಹಾಕಿ ನೋಡಿತು. ಮೊದಲ ಹೆಸರಿನ ವೈದ್ಯೆಯನ್ನು ನಮ್ಮ ರಾಜ್ಯ ಮರೆತೇಬಿಟ್ಟಿದೆ. ಈ ನಾಡಿನ ಮನೆಮನೆಗೂ ಸಂಬಂಧಪಟ್ಟ ಪ್ರಶ್ನೆಯನ್ನು ಎತ್ತಿಕೊಂಡವರ ಹೆಸರು ಕನ್ನಡ ಓದುಗರಿಗೆ ಗೊತ್ತಿಲ್ಲದಿರುವುದು ನನಗೆ ದೊಡ್ಡ ಕೊರತೆಯಾಗಿಯೇ ಕಾಣುತ್ತದೆ.

ಕೆಲಸದ ನೆಲೆ ಭಾರತೀಯ ವಿಜ್ಞಾನ ಸಂಸ್ಥೆಯ ಜೀವರಸಾಯನ ವಿಭಾಗ. ಮಲ್ಲೇಶ್ವರ ದಾಟಿ ಯಶವಂತಪುರದ ಕಡೆಗೆ ಹೋಗುವವರು ಈಗಲೂ ಟಾಟಾ ಇನ್‌ಸ್ಟಿಟ್ಯೂಟ್ ಎಂದೇ ಕರೆಯುವ ಜಾಗ. 1980ರ ದಶಕದಲ್ಲಿ ಅಪ್ಪಾಜಿ ರಾವ್, ಎಚ್.ಎಸ್. ಸಾವಿತ್ರಿ ಮೊದಲಾದವರೊಂದಿಗೆ ರಾಧಾ ರಮಾದೇವಿ ಇಲ್ಲಿಂದ ನವಜಾತ ಶಿಶುಗಳ ರಕ್ತ ತಪಾಸಣೆ ನಡೆಸಿದರು. 1988ರಲ್ಲಿ ಅದರ ಫಲಿತಾಂಶ ಹೊರಬರುವ ಹೊತ್ತಿಗೆ ಒಂದು ಲಕ್ಷಕ್ಕೂ ಹೆಚ್ಚು ಶಿಶುಗಳ ರಕ್ತ ಪರೀಕ್ಷೆಯಾಗಿತ್ತು. ಹುಡುಕುತ್ತಿದ್ದದ್ದು ಅಮೈನೊ ಆಮ್ಲಗಳ ಏರುಪೇರನ್ನು. ಉದಾಹರಣೆಗೆ ಫೀನೈಲ್‌ಕೀಟೋನ್ಯೂರಿಯ. ಈ ಕಾಯಿಲೆ ಇರುವ ಕೂಸು ನೋಡಲು ಮುದ್ದಾಗಿಯೇ ಇರುತ್ತದೆ, ಹಾಲು ಕುಡಿಯುತ್ತದೆ, ನಿದ್ದೆ ಮಾಡುತ್ತದೆ. ಆದರೆ ಹಾಲಿನ ಪ್ರೋಟೀನಿನಲ್ಲಿರುವ ಫೀನೈಲ್‌ಅಲನಿನ್ ದೇಹದಲ್ಲಿ ವಿಭಜನೆಯಾಗದೆ ಉಳಿದು ಮೆದುಳನ್ನು ಹಾಳುಮಾಡುತ್ತಾ ಹೋಗುತ್ತದೆ. ಮಗು ಏಕೆ ಕೂರುತ್ತಿಲ್ಲ, ಏಕೆ ಮಾತಾಡುತ್ತಿಲ್ಲ ಎಂದು ತಾಯಿ ಕೇಳುವ ಹೊತ್ತಿಗೆ ಕಾಲ ಮೀರಿರುತ್ತದೆ. ಮೊದಲ ದಿನಗಳಲ್ಲೇ ಗೊತ್ತಾದರೆ ಪಥ್ಯದ ಆಹಾರದಿಂದ ಆ ಮಗುವನ್ನು ಉಳಿಸಿಕೊಳ್ಳಬಹುದು. ಅತಿಸಾರ, ಅಪೌಷ್ಟಿಕತೆಯಿಂದಲೇ ಮಕ್ಕಳು ಸಾಯುತ್ತಿದ್ದ ಕಾಲದಲ್ಲಿ ಇಂಥ ಅಪರೂಪದ ಕಾಯಿಲೆಗಳ ಬೆನ್ನುಹತ್ತಲು ಧೈರ್ಯ ಬೇಕಿತ್ತು.

1987ರ ಪ್ರಬಂಧಕ್ಕೆ ಬರೋಣ. 407 ಶಿಶುಗಳು ಮತ್ತು ಮಕ್ಕಳನ್ನು ಪರೀಕ್ಷಿಸಿದಾಗ 63 ಮಂದಿಯಲ್ಲಿ ಒಟ್ಟು 35 ಬಗೆಯ ಆನುವಂಶಿಕ ಕಾಯಿಲೆಗಳು ಕಂಡವು. 44 ಮಕ್ಕಳದ್ದು ಒಂದೇ ಜೀನಿನ ದೋಷ, 12 ಮಕ್ಕಳದ್ದು ಹಲವು ಜೀನುಗಳು ಸೇರಿ ಆದದ್ದು, ಉಳಿದ ಏಳು ಮಕ್ಕಳಿಗೆ ಡೌನ್ ಸಿಂಡ್ರೋಮ್. ಇದಾದ ಮೇಲೆ ತಂದೆತಾಯಿಯ ನಡುವಿನ ರಕ್ತಸಂಬಂಧದ ಅಳತೆ. ಸೋದರಮಾವ ಮತ್ತು ಅಕ್ಕನ ಮಗಳಿಗೆ ಹುಟ್ಟಿದ ಮಗುವಿಗೆ ಈ ಅಳತೆ 0.125, ಅತ್ತೆ-ಮಾವನ ಮಕ್ಕಳು ಮದುವೆಯಾದರೆ 0.0625. ಅಧ್ಯಯನದ ಮಕ್ಕಳ ಸರಾಸರಿ 0.0414 ಬಂತು, ಸಾಮಾನ್ಯ ಜನರಲ್ಲಿ ಹಿಂದೆ ಲೆಕ್ಕ ಹಾಕಿದ್ದು 0.0271. ತಂದೆ, ತಾಯಿ ಇಬ್ಬರಿಂದಲೂ ಅದೇ ದೋಷದ ಜೀನು ಬಂದಾಗ ಮಾತ್ರ ಕಾಣಿಸುವ ಕಾಯಿಲೆಗಳೇ ಹೆಚ್ಚಾಗಿದ್ದವು.

ಈ ಅಂಕಿಗಳ ಹಿಂದೆ ಒಂದು ಹಳೆಯ ವಾದವಿದೆ, ಪ್ರಬಂಧದ ನಿಜವಾದ ತೂಕ ಇರುವುದೂ ಅಲ್ಲೇ. ದಕ್ಷಿಣ ಭಾರತದಲ್ಲಿ ಸೋದರಿಕೆಯ ಮದುವೆ ತಲೆತಲಾಂತರದಿಂದ ನಡೆದುಬಂದದ್ದು. ಹಾಗಾಗಿ ಕೆಟ್ಟ ಜೀನುಗಳನ್ನು ಹೊತ್ತ ಮಕ್ಕಳು ತಲೆಮಾರಿನಿಂದ ತಲೆಮಾರಿಗೆ ತೀರಿಹೋಗಿ ಆ ಜೀನುಗಳೇ ನಮ್ಮಲ್ಲಿ ಕಮ್ಮಿಯಾಗಿರಬೇಕು ಎಂದು 1960ರ ದಶಕದಲ್ಲಿ ತಳಿವಿಜ್ಞಾನಿ ಎಲ್.ಡಿ. ಸಾಂಘ್ವಿ ವಾದಿಸಿದ್ದರು. ಕೇಳಲು ಸಮಾಧಾನ ಕೊಡುವ ಮಾತು. ‘ನಮ್ಮಜ್ಜಿ, ಮುತ್ತಜ್ಜಿ ಎಲ್ಲರದ್ದೂ ಹಳೇ ಸಂಬಂಧವೇ, ಏನಾಯಿತು?’ ಎನ್ನುವ ಮನೆಮಾತಿಗೆ ಅದು ವಿಜ್ಞಾನದ ಆಧಾರ ಕೊಟ್ಟಂತಿತ್ತು. ಕರ್ನಾಟಕದ ಮಕ್ಕಳನ್ನು ನೋಡಿದ ಮೇಲೆ ರಾಧಾ ರಮಾದೇವಿ ಮತ್ತು ಸಂಗಡಿಗರು ಆ ಜೀನುಗಳು ಹೇಳಿಕೊಳ್ಳುವಷ್ಟು ಅಳಿದಂತೆ ಕಾಣುವುದಿಲ್ಲ ಎಂದರು. ಹಾಗೆನ್ನುವಾಗಲೂ ಎಚ್ಚರ ತಪ್ಪಲಿಲ್ಲ. ಇದೇ ಕೊನೆಯ ಮಾತು ಎಂದು ಸಾರಲಿಲ್ಲ. ಪದ್ಧತಿಯನ್ನು ಬೈಯಲೂ ಇಲ್ಲ. ನನಗೆ ಈ ಸಂಯಮ ತುಂಬ ಬೆಲೆಯುಳ್ಳದ್ದೆನಿಸುತ್ತದೆ. ಸೋದರಿಕೆಯಲ್ಲಿ ಮದುವೆಯಾದ ಬಹುಪಾಲು ದಂಪತಿಗಳಿಗೆ ಆರೋಗ್ಯವಂತ ಮಕ್ಕಳೇ ಹುಟ್ಟುತ್ತಾರೆ. ಕಾಯಿಲೆಯ ಮಗು ಹುಟ್ಟಿದ ಮನೆಯಲ್ಲಿ ಸೊಸೆಯ ತಲೆಗೇ ತಪ್ಪು ಕಟ್ಟುವುದನ್ನು ಬಲ್ಲವರಿಗೆ, ದೋಷ ಇಬ್ಬರ ಕಡೆಯಿಂದಲೂ ಬರಬೇಕು ಎಂಬ ಈ ವಿಜ್ಞಾನವೇ ದೊಡ್ಡ ಆಸರೆ.

ಆದರೂ ಪ್ರಬಂಧದಲ್ಲಿ ಕೊರತೆಗಳಿವೆ. 407 ಚಿಕ್ಕ ಸಂಖ್ಯೆ. ಅದರಲ್ಲಿ 63 ಮಕ್ಕಳಿಗೆ ಆನುವಂಶಿಕ ಕಾಯಿಲೆ ಇತ್ತೆಂದರೆ ಇವರು ಊರಿನ ಎಲ್ಲ ಮಕ್ಕಳ ಪ್ರತಿನಿಧಿಗಳಲ್ಲ ಎಂಬುದು ಸ್ಪಷ್ಟ. ಇಂಥ ಗುಂಪನ್ನು ಸಾಮಾನ್ಯ ಜನರ ಹಳೆಯ ಸರಾಸರಿಯ ಪಕ್ಕದಲ್ಲಿಟ್ಟಾಗ ವ್ಯತ್ಯಾಸದಲ್ಲಿ ಎಷ್ಟು ಪಾಲು ಮದುವೆಯದು, ಎಷ್ಟು ಪಾಲು ಮಕ್ಕಳನ್ನು ಆಯ್ದ ಬಗೆಯದು ಎಂದು ಬಿಡಿಸುವುದು ಕಷ್ಟ. ಇನ್ನು, ಡೌನ್ ಸಿಂಡ್ರೋಮಿಗೂ ರಕ್ತಸಂಬಂಧಕ್ಕೂ ನೇರ ನಂಟಿಲ್ಲ. ಆ ಏಳು ಮಕ್ಕಳನ್ನು ಒಟ್ಟು ಮೊತ್ತದಲ್ಲಿ ಸೇರಿಸಿ ಓದುವವರು ಮದುವೆಯ ಮೇಲೆ ಇಲ್ಲದ ಹೊರೆ ಹೊರಿಸಿಬಿಡಬಹುದು.

ಇದಕ್ಕಿಂತ ಗಟ್ಟಿಯಾದ ಆಕ್ಷೇಪ ತಪಾಸಣೆಯ ಆಯ್ಕೆಯ ಬಗ್ಗೆ. ಅಮೈನೊ ಆಮ್ಲದ ಕಾಯಿಲೆಗಳು ವಿರಳ, ಅವುಗಳ ಪಥ್ಯದ ಆಹಾರ ದುಬಾರಿ. ಹುಟ್ಟಿನಿಂದಲೇ ಥೈರಾಯ್ಡ್ ಕಡಿಮೆ ಇರುವ ಮಕ್ಕಳೋ ಅವಕ್ಕಿಂತ ಎಷ್ಟೋ ಹೆಚ್ಚು. ಅವರಿಗೆ ಬೇಕಾದದ್ದು ದಿನಕ್ಕೊಂದು ಅಗ್ಗದ ಥೈರಾಕ್ಸಿನ್ ಮಾತ್ರೆ. ಮೊದಲ ಕೆಲವು ವಾರಗಳಲ್ಲೇ ಕೊಡತೊಡಗಿದರೆ ಬುದ್ಧಿ ಕುಂದುವುದಿಲ್ಲ. ಬಡ ರಾಜ್ಯವೊಂದು ಎಲ್ಲಿಂದ ಶುರುಮಾಡಬೇಕು ಎಂದು ಕೇಳಿದರೆ ನನ್ನ ಉತ್ತರ ಇದೇ. ಈ ಆಕ್ಷೇಪಕ್ಕೆ ಉತ್ತರ ಸ್ವತಃ ರಾಧಾ ರಮಾದೇವಿಯವರ ಮುಂದಿನ ಕೆಲಸದಲ್ಲೇ ಸಿಗುತ್ತದೆ. ಬೆಂಗಳೂರಿನಿಂದ ಅವರು ಹೈದರಾಬಾದಿಗೆ ಹೋಗಿ ಡಿಎನ್‌ಎ ಬೆರಳಚ್ಚು ಮತ್ತು ರೋಗನಿರ್ಣಯ ಕೇಂದ್ರದಲ್ಲಿ ತಪಾಸಣೆ ಮುಂದುವರಿಸಿದರು. 2004ರಲ್ಲಿ ಪ್ರಕಟವಾದ ಆ ವರದಿಯಲ್ಲಿ 18,300 ಶಿಶುಗಳಿದ್ದಾರೆ. ಈ ಸಲ ಥೈರಾಯ್ಡ್ ಪಟ್ಟಿಗೆ ಸೇರಿತ್ತು, 1,700 ಶಿಶುಗಳಿಗೆ ಒಂದರಂತೆ ಅದರ ಕೊರತೆ ಸಿಕ್ಕಿತು. ಮೊದಲ ಕೆಲಸದ ಮಿತಿಯನ್ನು ಎರಡನೆಯ ಕೆಲಸ ತುಂಬಿಕೊಂಡ ಈ ನಡೆಯೇ ಅವರ ವೃತ್ತಿಜೀವನದ ಹಿರಿಮೆ ಎಂದು ನಾನು ತಿಳಿದಿದ್ದೇನೆ.

ಸೋತದ್ದು ಈ ತಪಾಸಣೆಯನ್ನು ಮುಂದಕ್ಕೆ ಒಯ್ಯಬೇಕಿದ್ದ ಸಾರ್ವಜನಿಕ ವ್ಯವಸ್ಥೆ. ಯಶವಂತಪುರದ ಮಗ್ಗುಲಲ್ಲಿ ಲಕ್ಷ ಶಿಶುಗಳ ರಕ್ತ ನೋಡಿ ದಶಕಗಳೇ ಕಳೆದರೂ ದೇಶದಲ್ಲಿ ಹುಟ್ಟುವ ಪ್ರತಿ ಮಗುವಿಗೂ ಈ ಪರೀಕ್ಷೆ ಮಾಡುವ ರಾಷ್ಟ್ರೀಯ ಕಾರ್ಯಕ್ರಮ ಬಂದಿಲ್ಲ. ಹೆಬ್ಬಾಳದಿಂದ ಯಲಹಂಕದವರೆಗೆ ಬಳ್ಳಾರಿ ರಸ್ತೆಯುದ್ದಕ್ಕೂ ದೊಡ್ಡ ಆಸ್ಪತ್ರೆಗಳು ಎದ್ದಿವೆ. ಅಂಥ ಕಡೆ ಹೆರಿಗೆಯಾಗಿ ಹಣ ಕಟ್ಟಬಲ್ಲವರಿಗೆ ಹಿಮ್ಮಡಿಗೆ ಸೂಜಿ ಚುಚ್ಚಿ ತೆಗೆದ ನಾಲ್ಕು ಹನಿ ರಕ್ತದಲ್ಲಿ ಹತ್ತಾರು ಕಾಯಿಲೆಗಳ ಸುಳಿವು ಸಿಗುತ್ತದೆ. ಅದೇ ರಸ್ತೆಯಲ್ಲಿ ಕಟ್ಟಡ ಕಟ್ಟುವ ಕೂಲಿ ಹೆಂಗಸು ಸರ್ಕಾರಿ ಆಸ್ಪತ್ರೆಯಲ್ಲಿ ಹೆತ್ತ ಮಗುವಿಗೆ ಅದು ಖಾತ್ರಿಯಿಲ್ಲ. ಇತ್ತ, ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕರ್ನಾಟಕದಲ್ಲಿ ಹೆಚ್ಚುಕಡಿಮೆ ನಾಲ್ಕರಲ್ಲಿ ಒಂದು ಮದುವೆ ಇಂದಿಗೂ ರಕ್ತಸಂಬಂಧದಲ್ಲೇ ನಡೆಯುತ್ತಿದೆ. ಆಶಾ ಕಾರ್ಯಕರ್ತೆಯರು ಬಾಣಂತಿಯ ಮನೆಗೆ ಹೇಗಿದ್ದರೂ ಹೋಗುತ್ತಾರೆ, ರಕ್ತದ ಹನಿಯನ್ನು ಸೋಸುಕಾಗದದ ಮೇಲೆ ಒಣಗಿಸಿ ಪ್ರಯೋಗಾಲಯಕ್ಕೆ ಕಳಿಸುವುದು ಕಷ್ಟದ ಕೆಲಸವಲ್ಲ. ಥೈರಾಯ್ಡ್ ಒಂದನ್ನಾದರೂ ಹಿಡಿದುಕೊಂಡು ಸರ್ಕಾರಿ ಹೆರಿಗೆ ಆಸ್ಪತ್ರೆಗಳಲ್ಲಿ ನಾಳೆಯೇ ಆರಂಭಿಸಬಹುದು.