ಉಬ್ಬರದ ನಡುವೆ ಬರೆದ ಗ್ರಂಥ

ಇಂಗ್ಲೆಂಡಿನ ಈಶಾನ್ಯ ಕರಾವಳಿಯ ಲಿಂಡಿಸ್‌ಫಾರ್ನ್ ದ್ವೀಪಕ್ಕೆ ಹೋಗುವ ದಾರಿಯನ್ನು ಕಡಲು ದಿನಕ್ಕೆರಡು ಸಲ ಮುಚ್ಚಿಬಿಡುತ್ತದೆ. 635ರಲ್ಲಿ ಅಯೋನಾ ದ್ವೀಪದಿಂದ ಬಂದ ಸಂತ ಏಡನ್ ಇಲ್ಲಿ ಮಠ ಕಟ್ಟಿದ. 687ರಲ್ಲಿ ಅದೇ ಮಠದ ಸಂತ ಕತ್ಬರ್ಟ್ ಸಮೀಪದ ಫಾರ್ನ್ ನಡುಗಡ್ಡೆಯಲ್ಲಿ ಒಂಟಿಯಾಗಿ ತೀರಿಕೊಂಡ. ಅವನ ನೆನಪಿಗೆಂದು ಬಿಷಪ್ ಈಡ್‌ಫ್ರಿತ್ ಬರೆದನೆನ್ನುವ ಲಿಂಡಿಸ್‌ಫಾರ್ನ್ ಸುವಾರ್ತೆಗಳು ನನ್ನನ್ನು ಮತ್ತೆ ಮತ್ತೆ ಸೆಳೆಯುತ್ತವೆ.

ಹದಮಾಡಿದ ಕರುವಿನ ಚರ್ಮದ ಮೇಲೆ ಲ್ಯಾಟಿನ್ ಅಕ್ಷರಗಳು. ಲೂಕನ ಸುವಾರ್ತೆಯ ಮೊದಲ ಪುಟವನ್ನೇ ನೋಡಿ. ದೊಡ್ಡ ಅಕ್ಷರದ ಸುತ್ತ ಸಾಸಿವೆಗಿಂತ ಸಣ್ಣ ಕೆಂಪು ಚುಕ್ಕೆಗಳು, ಹತ್ತು ಸಾವಿರಕ್ಕೂ ಹೆಚ್ಚು! ಬಲಗಡೆಯ ಅಂಚು ಅಂದವಾದ ಪಟ್ಟಿಯೆಂದುಕೊಂಡು ಕಣ್ಣು ಕೆಳಗಿಳಿಸಿದರೆ ತುದಿಯಲ್ಲಿ ಬೆಕ್ಕಿನ ತಲೆ; ಪಟ್ಟಿಯೇ ಅದರ ಉದ್ದನೆಯ ಮೈ, ಹೊಟ್ಟೆಯೊಳಗೆ ಹೆಣೆದುಕೊಂಡ ಹಕ್ಕಿಗಳು. ದೇವರ ಕೆಲಸವೆಂದು ಕೂತವನ ಕೈ ಬೆಕ್ಕನ್ನೂ ಅಷ್ಟೇ ಪ್ರೀತಿಯಿಂದ ಬರೆದಿದೆ. ಎಂಥ ತಾಳ್ಮೆ, ಎಂಥ ಸಂತೋಷ!

793ರಲ್ಲಿ ವೈಕಿಂಗರು ಮಠವನ್ನು ಕೊಳ್ಳೆಹೊಡೆದರು. 875ರಲ್ಲಿ ಸನ್ಯಾಸಿಗಳು ಕತ್ಬರ್ಟನ ದೇಹವನ್ನು ಹೊತ್ತು ದ್ವೀಪ ಬಿಟ್ಟರು. ಗ್ರಂಥ ಉಳಿಯಿತು. ಹತ್ತನೆಯ ಶತಮಾನದಲ್ಲಿ ಆಲ್‌ಡ್ರೆಡ್ ಎಂಬ ಪಾದ್ರಿ ಲ್ಯಾಟಿನ್ ಸಾಲುಗಳ ನಡುವೆ ಪುಟ್ಟ ಅಕ್ಷರಗಳಲ್ಲಿ ತನ್ನ ಜನರ ಮಾತಾದ ಹಳೆಯ ಇಂಗ್ಲಿಷಿನಲ್ಲಿ ಅವುಗಳ ಅರ್ಥ ತುಂಬಿದ. ಸುವಾರ್ತೆಗಳ ಇಂಗ್ಲಿಷ್ ರೂಪಗಳಲ್ಲಿ ಉಳಿದಿರುವ ಅತ್ಯಂತ ಹಳೆಯದು ಅದೇ. ಗ್ರಂಥವನ್ನು ಬರೆದವನು ಈಡ್‌ಫ್ರಿತ್ ಎಂದು ನಮಗೆ ತಿಳಿದಿರುವುದೂ ಆಲ್‌ಡ್ರೆಡ್ ಕೊನೆಯಲ್ಲಿ ಬರೆದಿಟ್ಟ ಟಿಪ್ಪಣಿಯಿಂದಲೇ. ಗ್ರಂಥ ಈಗ ಲಂಡನ್ನಿನ ಬ್ರಿಟಿಷ್ ಲೈಬ್ರರಿಯಲ್ಲಿದೆ. ಆ ಕೆಂಪು ಚುಕ್ಕೆಗಳು ಇನ್ನೂ ಮಾಸಿಲ್ಲ.